ಬೇಡನಿಗೆ ಬೇಡವಾದ ಸಂಗತಿ

1954ರ ‘ಬೇಡರ ಕಣ್ಣಪ್ಪ’ ರಾಜಕುಮಾರ್ ನಾಯಕರಾದ ಮೊದಲ ಚಿತ್ರ ಎಂಬುದು ಎಲ್ಲರಿಗೂ ಬಾಯಿಪಾಠ. ನಿರ್ದೇಶಕ ಎಚ್.ಎಲ್.ಎನ್. ಸಿಂಹ ಅವರನ್ನೂ ಸಿನಿಮಾ ಬಲ್ಲವರು ಮರೆತಿಲ್ಲ. ಮುಂದೆ ಕಣ್ಣಪ್ಪನಾಗುವ ಬೇಡ ದಿಣ್ಣ ಹಸಿದು ಶಿವಪ್ಪನಿಗೆ ಮೊರೆಯಿಡುವ ಹಾಡಂತೂ ಭಜನೆಗಳಿಗೆ ಇಳಿದು ಸಿನಿಮಾದ ಹಂಗನ್ನೇ ಬಿಟ್ಟಿದೆ. ಆ ಮಟ್ಟು ಹಾಕಿದವರು ಯಾರೆಂದು ಕೇಳಿ ನೋಡಿ, ಉತ್ತರ ಸಿಗುವುದು ಕಷ್ಟ. ಅವರು ಆರ್. ಸುದರ್ಶನಂ, ಮದರಾಸಿನ ಎವಿಎಂ ಸ್ಟುಡಿಯೋದ ಆಸ್ಥಾನ ವಿದ್ವಾಂಸರು ಎನ್ನಬಹುದಾದವರು. ಕನ್ನಡ ಸಿನಿಮಾ ಸಂಗೀತದ ಕಥೆಯನ್ನು ವಿಜಯಭಾಸ್ಕರ್, ಜಿ.ಕೆ. ವೆಂಕಟೇಶ್ ಅವರದೆಂದು ಹೇಳುವಾಗ ಸುದರ್ಶನಂ ಒಂದು ಸಾಲಿನಲ್ಲಿ ಮುಗಿದುಹೋಗುತ್ತಾರೆ. ಇದು ಸರಿಯಲ್ಲ ಎಂಬುದು ನನ್ನ ವಾದ.

ಆ ಹಾಡಿನಲ್ಲಿ ಏನಿಲ್ಲ ಎಂಬುದನ್ನು ಗಮನಿಸಬೇಕು. ಕಂಪನಿ ನಾಟಕದ ಪಾತ್ರಗಳು ಹಸಿದರೂ ಅತ್ತರೂ ಆಲಾಪನೆ ಬಿಡುತ್ತಿರಲಿಲ್ಲ. ‘ಒನ್ಸ್ ಮೋರ್’ ಬಿದ್ದರೆ ಸತ್ತವನೂ ಎದ್ದು ಹಾಡಬೇಕು. ಗುಬ್ಬಿ ನಾಟಕ ಕಂಪನಿಯ ನಂಟಿನ ಈ ಚಿತ್ರದಲ್ಲಿ ಅದೇ ಚಾಳಿ ಮುಂದುವರಿದಿದ್ದರೆ ಯಾರೂ ಬೇಸರಿಸುತ್ತಿರಲಿಲ್ಲ. ಆದರೆ ಸುದರ್ಶನಂ ಬೇಡನ ಬಾಯಿಗೆ ಒಂದೇ ಸಾಲನ್ನು ಬಗೆಬಗೆಯಾಗಿ ತಿರುವುವ ಸಂಗತಿಗಳನ್ನು ತುರುಕಲಿಲ್ಲ. ಒಬ್ಬ ಮನುಷ್ಯ ದೂರದವನನ್ನು ಕೂಗುವಷ್ಟೇ ಏರಿಳಿತ, ಮಾತಿನ ಎಳೆತ ಎಷ್ಟೋ ಸ್ವರವೂ ಅಷ್ಟೇ. ಅರಳಸುರಳಿ, ತೀರ್ಥಹಳ್ಳಿ ಕಡೆಯ ಯಕ್ಷಗಾನದ ಕಿವಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಬಡಗುತಿಟ್ಟು ಶೈಲಿಯಲ್ಲಿ ಬೇಡನಾದ ಕಿರಾತನ ಪ್ರವೇಶದ ಒಡ್ಡೋಲಗಕ್ಕೆ ಅದರದೇ ನಡೆಯಿದೆ. ಹಾಡುವ ಭಾಗವತರ ಜಾಣ್ಮೆ ವೇಷಕ್ಕೆ ತಕ್ಕಂತೆ ರಾಗವನ್ನು ಬಗ್ಗಿಸುವುದರಲ್ಲಿದೆ.

ಹಾಡು ಉಳಿದದ್ದು ಹಾಡಿದವರಿಂದ, ಮಟ್ಟು ಹಾಕಿದವರಿಂದಲ್ಲ ಎನ್ನುವವರಿದ್ದಾರೆ. ಹಾಡಿದವರು ಸಿ.ಎಸ್. ಜಯರಾಮನ್. ಸ್ವತಃ ಸಂಗೀತ ನಿರ್ದೇಶಕರೂ ಆಗಿದ್ದ ಅವರ ಕಂಠದಲ್ಲಿ ಗಮಕಕ್ಕೇನೂ ಬರವಿರಲಿಲ್ಲ. ಅಂಥ ಗಂಟಲನ್ನು ಇಷ್ಟು ಸರಳವಾಗಿ ಹಾಡಿಸಲು ಹಿಡಿತ ಬೇಕು. 1952ರಲ್ಲಿ ‘ಪರಾಶಕ್ತಿ’ಯಲ್ಲಿ ಶಿವಾಜಿ ಗಣೇಶನ್ ಮೊದಲ ಸಲ ತೆರೆಗೆ ಬಂದಾಗಲೂ ಸಂಗೀತ ಸುದರ್ಶನಂ ಅವರದು, ಹಿನ್ನೆಲೆ ಕಂಠ ಜಯರಾಮನ್ ಅವರದು. ಎರಡು ಭಾಷೆಗಳ ಇಬ್ಬರು ಮೇರು ನಟರು ನಾಯಕರಾಗಿ ಮೊದಲು ಹಾಡಿದ್ದು ಒಂದೇ ಜೋಡಿಯ ಆಸರೆಯಲ್ಲಿ!

ತಮಿಳು ಸ್ಟುಡಿಯೋದ ಸಂಬಳದವರಿಗೆ ಕನ್ನಡದ ಜಾಯಮಾನ ಎಲ್ಲಿಂದ ತಿಳಿಯಬೇಕು ಎಂಬ ಆಕ್ಷೇಪಕ್ಕೆ ತೂಕವಿದೆ. ಅವರ ಎಲ್ಲ ಹಾಡುಗಳೂ ಈ ಎತ್ತರದವಲ್ಲ ಎಂದು ನಾನೂ ಒಪ್ಪುತ್ತೇನೆ. ಆದರೆ ಹೋಲಿಸಿ ನೋಡಿ: ಕಣ್ಣಪ್ಪನ ಕಥೆ ತೆಲುಗಿನಲ್ಲಿ ‘ಕಾಳಹಸ್ತಿ ಮಹಾತ್ಮ್ಯಂ’ ಆದಾಗ ಹಾಡಿದವರು ಘಂಟಸಾಲ. ನಟ ಅದೇ ರಾಜಕುಮಾರ್, ಸಂಗೀತ ತಮ್ಮ ಗೋವರ್ಧನಂ ಜತೆಗೂಡಿ ಅದೇ ಸುದರ್ಶನಂ. ಇದೇ ಕಥೆಯ 1955ರ ಹಿಂದಿ ‘ಶಿವ ಭಕ್ತ’ಕ್ಕೆ ಮಾತ್ರ ಸಿಂಹ ಅವರೇ ನಿರ್ದೇಶಕರಾಗಿದ್ದರೂ ಸಂಗೀತಕ್ಕೆ ಚಿತ್ರಗುಪ್ತ ಬಂದರು. ಮೂರನ್ನೂ ಒಂದರ ಹಿಂದೊಂದು ಕೇಳಿದ ಮೇಲೂ ನನ್ನ ಕಿವಿ ಮರಳುವುದು ಆ ಕನ್ನಡದ ಕೂಗಿಗೇ.