ಸಾನ್ವಿ ಮತ್ತು ಸಾನವ್ವ: ಜತ್ತ ಸೀಮೆಯ ಒಂದು ಹೊಸ ಹೆಸರಿನ ವಿಚಾರ

ಗಡಿಭಾಗದ ಕನ್ನಡವನ್ನು ಕುರಿತು ಮಾತಾಡುವಾಗ ನಾವು ಸಾಮಾನ್ಯವಾಗಿ ಧ್ವನಿವ್ಯತ್ಯಾಸ, ಪ್ರತ್ಯಯ, ಎರವಲು ಪದಗಳ ಪಟ್ಟಿ ಕೊಡುತ್ತೇವೆ. ವ್ಯಕ್ತಿನಾಮಗಳು ಬಂದರೆ ಕೊನೆಗೆ ಬರುತ್ತವೆ, ಅದೂ ಹಳೆಯ ಹೆಸರುಗಳು ಮಾತ್ರ. ಇಂದು ತೊಟ್ಟಿಲಿಗೆ ಹಾಕುವ ಕೂಸಿನ ಹೆಸರು ‘ಪುಸ್ತಕದ ಹೆಸರು’, ಅದರಲ್ಲಿ ಉಪಭಾಷೆಗೆ ಸಂಬಂಧಪಟ್ಟದ್ದೇನೂ ಇಲ್ಲ ಎಂಬ ಭಾವನೆ ನಮ್ಮಲ್ಲಿದೆ. ನನ್ನಲ್ಲೂ ಇತ್ತು. ಅದನ್ನು ಬಿಡಿಸಿದ್ದು ಒಂದು ಹೆಸರು, ಮತ್ತು ಆ ಹೆಸರಿನ ವಿಷಯದಲ್ಲಿ ನಾನೇ ಮಾಡಿದ ತಪ್ಪು.

ಜತ್ತ ತಾಲೂಕಿನ ಒಂದು ಹಳ್ಳಿಯಲ್ಲಿ ನಮ್ಮ ಬೀಗರ ಮನೆಯ ತೊಟ್ಟಿಲ ಕಾರ್ಯ. ಸೋದರತ್ತೆ ಕೂಸಿನ ಕಿವಿಯಲ್ಲಿ ‘ಕುರ್ರ್’ ಎಂದು ಹೆಸರು ಹೇಳಿದಳು, ಸುತ್ತಲಿನ ಹೆಂಗಸರು ರೂಢಿಯಂತೆ ಅವಳ ಬೆನ್ನಿಗೆ ಗುದ್ದಿ ನಕ್ಕರು. ಹೆಸರು ‘ಸಾನ್ವಿ’. ಮೂಲೆಯಲ್ಲಿ ಕುಳಿತಿದ್ದ ಕೂಸಿನ ಮುತ್ತಜ್ಜಿ ನನ್ನನ್ನು ಕೇಳಿದರು: “ತಮ್ಮಾ, ನೀ ಓದಿದಾಂವ. ಸಾನ್ವಿ ಅಂದ್ರ ಏನೋ?” ಕೂಸಿನ ತಂದೆ, “ಲಕ್ಷ್ಮಿ ಅಂತ ಪುಸ್ತಕದಾಗ ಐತ್ರಿ ಕಾಕಾ” ಎಂದ. ಲಕ್ಷ್ಮಿಗೆ ಇಂಥದೊಂದು ಹೆಸರಿರುವುದನ್ನು ನಾನು ಎಲ್ಲೂ ಕಂಡಿರಲಿಲ್ಲ. ಆದರೆ ತುಂಬಿದ ಮನೆಯಲ್ಲಿ ಗೊತ್ತಿಲ್ಲ ಎನ್ನಲು ನಾಚಿಕೆ. ‘ಸಾನು’ ಎಂದರೆ ಬೆಟ್ಟದ ನೆತ್ತಿ, ಸಾನ್ವಿ ಎಂದರೆ ಗಿರಿಯ ಮೇಲಿನವಳು, ಪಾರ್ವತಿ ಎಂದುಬಿಟ್ಟೆ. ಎಲ್ಲರಿಗೂ ಸಮಾಧಾನವಾಯಿತು. ಆರು ತಿಂಗಳಲ್ಲಿ ಅಕ್ಕಲಕೋಟೆಯ ಕಡೆ ಬೇರೊಂದು ಮನೆಯಲ್ಲಿ ನನ್ನ ಅರ್ಥವೇ ನನಗೆ ತಿರುಗಿ ಬಂತು. “ಯಾರೋ ಪ್ರೊಫೆಸರ್ ಹೇಳ್ಯಾರಂತ್ರಿ.”

ಆ ಪ್ರೊಫೆಸರ್ ಹೇಳಿದ್ದು ವ್ಯಾಕರಣಕ್ಕೆ ನಿಲ್ಲುವುದಿಲ್ಲ. ಮೃದುವಿನಿಂದ ಮೃದ್ವೀ, ಲಘುವಿನಿಂದ ಲಘ್ವೀ, ತನುವಿನಿಂದ ತನ್ವೀ ಆಗುವುದು ಪಾಣಿನಿ (4.1.44) ಹೇಳಿದ ನಿಯಮದಿಂದ. ಗುಣವನ್ನು ಹೇಳುವ ಉಕಾರಾಂತ ಪದಗಳಿಗೆ ಮಾತ್ರ ಅದು ವಿಕಲ್ಪವಾಗಿ ಹತ್ತುತ್ತದೆ. ‘ಸಾನು’ ಗುಣವಾಚಕವಲ್ಲ, ಅದು ವಸ್ತುವಿನ ಹೆಸರು. ಅಷ್ಟೇ ಅಲ್ಲ, ಅಮರಕೋಶದ ಶೈಲವರ್ಗ ಈ ಪದಕ್ಕೆ ಸ್ತ್ರೀಲಿಂಗವಿಲ್ಲವೆಂದೇ ಹೇಳುತ್ತದೆ. ಅಂದಮೇಲೆ ಸಾನುವಿನಿಂದ ಸಾನ್ವಿ ಹುಟ್ಟಿಸಿದ್ದು ತನ್ವಿಯನ್ನು ನೋಡಿ ನಾನು ಹೊಲಿದ ಅಂಗಿ. ಹೆಸರಿನ ಪುಸ್ತಕದವರ ‘ಲಕ್ಷ್ಮಿ’ಗಂತೂ ಇಷ್ಟು ಆಧಾರವೂ ಇಲ್ಲ. ಈ ಪುಸ್ತಕಗಳ ರೀತಿಯೇ ಅದು: ಹೆಣ್ಣು ಹೆಸರಾದರೆ ಲಕ್ಷ್ಮಿ, ಇಲ್ಲವೆ ಪಾರ್ವತಿ, ಗಂಡು ಹೆಸರಾದರೆ ಸೂರ್ಯ, ವಿಷ್ಣು. ಪದ ಮೊದಲು, ಅರ್ಥ ಆಮೇಲೆ.

ಹಾಗಾದರೆ ಈ ಹೆಸರು ಬಂದದ್ದೆಲ್ಲಿಂದ? ಒಂದು ಕಾರಣ ಪಂಚಾಂಗದಲ್ಲಿದೆ. ಶತಭಿಷಾ ನಕ್ಷತ್ರದ ನಾಲ್ಕು ಪಾದಗಳಿಗೆ ಗೋ, ಸಾ, ಸೀ, ಸೂ ಎಂಬ ಅಕ್ಷರಗಳು. ಎರಡನೆಯ ಪಾದದಲ್ಲಿ ಹುಟ್ಟಿದ ಕೂಸಿಗೆ ‘ಸಾ’ ಬೇಕು. ಹಿಂದೆ ಈ ಅಕ್ಷರದ ಜನ್ಮನಾಮ ಕುಂಡಲಿಯಲ್ಲಿ ಉಳಿಯುತ್ತಿತ್ತು, ಕರೆಯುವ ಹೆಸರೇ ಬೇರೆ ಇರುತ್ತಿತ್ತು. ಈಗ ಎರಡೂ ಒಂದಾಗಿವೆ. ಹೀಗಾಗಿ ‘ಸಾ’ದಿಂದ ಮೊದಲಾಗುವ, ಎರಡಕ್ಷರದ, ಸಾಲೆಯಲ್ಲಿ ಯಾರೂ ನಗದ ಹೆಸರಿಗೆ ಹುಡುಕಾಟ. ಇನ್ನೊಂದು ಕಾರಣ ಕಿವಿಯದು. ‘ಜಾಹ್ನವಿ’ ಮರಾಠಿಯಲ್ಲಿ ‘ಜಾನ್ಹವಿ’ ಆಗಿ, ಬಾಯಲ್ಲಿ ಸವೆದು ‘ಜಾನ್ವಿ’ ಆಗುತ್ತದೆ. ತನ್ವಿ ಮೊದಲೇ ಇತ್ತು. ಇವೆರಡರ ನಡುವೆ ಒಂದು ಅಚ್ಚು ತಯಾರಾಯಿತು, ಅದರಲ್ಲಿ ಸಾನ್ವಿ, ಶಾನ್ವಿ, ಮಾನ್ವಿ ಎಲ್ಲ ಎರಕವಾದವು ಎಂದು ನನ್ನ ತರ್ಕ. (ಆದೋನಿ ಕಡೆಯ ಮಿತ್ರರಿಗೆ ಮಾನ್ವಿ ಎಂದರೆ ತುಂಗಭದ್ರೆಯ ಆಚೆಯ ರಾಯಚೂರು ಜಿಲ್ಲೆಯ ಊರು, ಕೂಸಿಗೆ ಆ ಹೆಸರೆಂದರೆ ಅವರಿಗೆ ಬಸ್ಸಿನ ಬೋರ್ಡೇ ಕಣ್ಣಿಗೆ ಬಂದೀತು.) 2016ರ ಡಿಸೆಂಬರಿನಲ್ಲಿ ತೆರೆಕಂಡ ‘ಕಿರಿಕ್ ಪಾರ್ಟಿ’ ಚಿತ್ರದ ನಾಯಕಿಯ ಹೆಸರೂ ಸಾನ್ವಿ. ಹೆಸರು ಆ ಚಿತ್ರಕ್ಕಿಂತ ಹಳೆಯದು, ಆದರೆ ಕನ್ನಡ ಮನೆಗಳಿಗೆ ಅದನ್ನು ಪರಿಚಯಿಸಿದ್ದರಲ್ಲಿ ಚಿತ್ರದ ಪಾಲಿದೆ.

ಇಲ್ಲಿ ನಮ್ಮಲ್ಲಿ ಕೆಲವರು ಆಡುವ ಒಂದು ಮಾತನ್ನು ಒಪ್ಪಲಾರೆ. ಸಂಸ್ಕೃತದ ಹೆಸರು ಬಂದು ಕನ್ನಡದ ಹೆಸರು ಹೋಯಿತು ಎನ್ನುತ್ತಾರೆ. ಜತ್ತ ಸೀಮೆಯ ಹಳೆಯ ಹೆಸರುಗಳನ್ನೇ ನೋಡಿರಿ. ಗುಡ್ಡಾಪುರ ಇದೇ ತಾಲೂಕಿನಲ್ಲಿದೆ. ಅಲ್ಲಿನ ದಾನಮ್ಮನಿಂದ ಮನೆಮನೆಯಲ್ಲೂ ದಾನವ್ವ, ದಾನಪ್ಪ. ‘ದಾನ’ ಸಂಸ್ಕೃತವಲ್ಲದೆ ಇನ್ನೇನು? ಸೊಲ್ಲಾಪುರದ ಸಿದ್ಧರಾಮನಿಂದ ಸಿದ್ರಾಮ, ಸಿದ್ದವ್ವ. ಭಾಗೀರಥಿ ಭಾಗವ್ವ, ಪಾರ್ವತಿ ಪಾರವ್ವ, ವೃಷಭ ಬಸವ. ಸಂಸ್ಕೃತ ನಮ್ಮ ಹೆಸರುಗಳಲ್ಲಿ ಎಂದೋ ಸೇರಿದೆ. ಆದರೆ ಅದು ಮನೆದೇವರ ದಾರಿಯಿಂದ, ಜಾತ್ರೆಯ ದಾರಿಯಿಂದ ಬಂತು. ಬಂದ ಮೇಲೆ ಅವ್ವ, ಅಪ್ಪ, ಅಕ್ಕ, ಅಣ್ಣ ಎಂಬ ನಮ್ಮ ಬಾಲ ಕಟ್ಟಿಕೊಂಡು ಉಳಿಯಿತು. ದಾನವ್ವ ಎಂಬವಳಿಗೆ ತನ್ನ ಹೆಸರಿನ ಅರ್ಥ ಕೇಳಲು ಪುಸ್ತಕ ಬೇಕಾಗಿಲ್ಲ, ಗುಡ್ಡಾಪುರಕ್ಕೆ ಹೋಗಿ ಬಂದರೆ ಸಾಕು. ಈಗಿನ ಹುಡುಗರ ‘ಸಮರ್ಥ’ ಎಂಬ ಹೆಸರು ಕೇಳಲು ಹೊಸದಾದರೂ, ಅಕ್ಕಲಕೋಟೆಯ ಸ್ವಾಮಿ ಸಮರ್ಥರನ್ನು ನೆನೆದು ಇಟ್ಟಲ್ಲಿ ಹಳೆಯ ದಾರಿಯಿಂದಲೇ ಬಂದದ್ದು. ಸಾನ್ವಿಗೆ ಅಂಥ ಊರಿಲ್ಲ. ವ್ಯತ್ಯಾಸವಿರುವುದು ಇಲ್ಲಿ.

ಇಷ್ಟು ಬರೆದು ಮುಗಿಸುವವನಿದ್ದೆ. ಆದರೆ ಮುಂದಿನ ಸಲ ಆ ಮನೆಗೆ ಹೋದಾಗ ಮುತ್ತಜ್ಜಿ ಕೂಸನ್ನು ಕರೆಯುತ್ತಿದ್ದರು: “ಬಾರವಾ ಸಾನವ್ವಾ.” ಅಡಿಗೆಮನೆಯಿಂದ ಇನ್ನೊಬ್ಬರು, “ಸಾನವ್ವ ಎದ್ಲೇನ?” ತಂದೆತಾಯಿ ‘ಸಾನ್ವಿ’ ಎನ್ನುತ್ತಾರೆ, ಅಜ್ಜಿಯಂದಿರು ‘ಸಾನವ್ವ’ ಎನ್ನುತ್ತಾರೆ. ನ್ವ ಎಂಬ ಒತ್ತು ಒಡೆದು, ‘ವಿ’ ಇದ್ದ ಜಾಗದಲ್ಲಿ ‘ಅವ್ವ’ ಕುಳಿತಿದೆ. ದಾನವ್ವ ಇದ್ದ ಬಾಯಿಗೆ ಸಾನವ್ವ ಸಹಜ. ಮುತ್ತಜ್ಜಿಯ ಹೆಸರೂ ಗುಡ್ಡಾಪುರದ ದೇವಿಯ ಹೆಸರೇ ಎಂಬುದನ್ನು ಇಲ್ಲಿ ಹೇಳಬೇಕು. ಪಕ್ಕದ ಮನೆಯ ಮರಾಠಿ ಹೆಂಗಸಿಗೆ ಈ ಹೆಸರು ಮತ್ತೊಂದು ಬಗೆಯಲ್ಲಿ ಕೇಳಿಸಿತು. ಮರಾಠಿಯಲ್ಲಿ ‘ಸಾನ’ ಎಂದರೆ ಸಣ್ಣದು. ‘ಸಾನ-ಥೋರ’, ‘ಲಹಾನ-ಸಾನ’ ಎಂಬ ಜೋಡಿಗಳು ಅಲ್ಲಿ ರೂಢಿ. ನಮ್ಮ ‘ಸಣ್ಣವ್ವ’ನಿಗೂ ಅದು ಕಿವಿಗೆ ಹತ್ತಿರ. ಎರಡು ಭಾಷೆ ಬಲ್ಲ ಗಡಿಯ ಕಿವಿ, ಪುಸ್ತಕ ಕೊಡಲಾರದ ಅರ್ಥವನ್ನು ತಾನೇ ಕೊಟ್ಟುಕೊಂಡಿದೆ.

ಕಳೆದುಹೋಗುವುದೂ ಇಲ್ಲೇ. ‘ಸಾನವ್ವ’ ಯಾವ ದಾಖಲೆಯಲ್ಲೂ ಬರುವುದಿಲ್ಲ. ಅವಳ ಮುತ್ತಜ್ಜಿಯ ರೇಶನ್ ಕಾರ್ಡಿನಲ್ಲಿ ದೇವನಾಗರಿಯಲ್ಲಾದರೂ ‘ಅವ್ವ’ ಇದೆ. ಅದನ್ನು ಓದಿದವರಿಗೆ ಈ ಹೆಂಗಸು ಕನ್ನಡದವಳೆಂದು ತಿಳಿಯುತ್ತದೆ. ಹೊಸ ಹೆಸರು ಜತ್ತದಲ್ಲೂ ಆದೋನಿಯಲ್ಲೂ ಹೊಸೂರಿನಲ್ಲೂ ಒಂದೇ. ಹೊಸೂರಿನಲ್ಲಿ ತಮಿಳಿನ ‘ಚ’ಕಾರದಿಂದ ಬರೆಯಬೇಕೋ, ಗ್ರಂಥದ ‘ಸ’ದಿಂದಲೋ ಎಂಬಷ್ಟೇ ಜಿಜ್ಞಾಸೆ ಉಳಿದೀತು. ಕ್ಷೇತ್ರಕಾರ್ಯಕ್ಕೆ ಹೋಗುವ ನಾವು ಸಾಲೆಯ ಹಜೇರಿ ನೋಡಿ ಹೆಸರು ಬರೆದುಕೊಂಡು ಬರುತ್ತೇವೆ, ಗಡಿಯಲ್ಲಿ ಕನ್ನಡದ ಹೆಸರು ನಿಂತಿತು ಎಂದು ತೀರ್ಮಾನಿಸುತ್ತೇವೆ. ಹಜೇರಿಯ ಜೊತೆಗೆ ಪಡಸಾಲೆಯ ಕರೆಯನ್ನೂ ಬರೆದುಕೊಳ್ಳಬೇಕಾಗಿತ್ತು. ನಾನು ಮೂವತ್ತು ವರ್ಷ ಬರೆದುಕೊಳ್ಳಲಿಲ್ಲ.

ಮುತ್ತಜ್ಜಿಗೆ ನನ್ನ ತಪ್ಪನ್ನು ಹೇಳಿದೆ. “ಇರ್ಲಿ ಬಿಡೋ ತಮ್ಮಾ” ಎಂದು ಎಲೆಗೆ ಸುಣ್ಣ ಹಚ್ಚಿದರು. ಕೂಸಿನ ತಂದೆ ಮಾತ್ರ ಬಿಡಲಿಲ್ಲ. “ಹಂಗಾರ ಸಾಲ್ಯಾಗ ಅರ್ಥ ಕೇಳಿದ್ರ ಏನಂತ ಹೇಳೂದ್ರಿ ಕಾಕಾ?” ಮರಾಠಿಯ ‘ಸಾನ’ವನ್ನು ಹೇಳಿ ನೋಡಿದೆ. ಅವನ ಮುಖ ನೋಡಿದರೆ ಲಕ್ಷ್ಮಿಯೇ ಅವನಿಗೆ ಬೇಕಾಗಿತ್ತು.