ಬೆಂಕಿಯ ರೀಲು, ಪೆದ್ದಪಲ್ಲಿಯ ಬಂಡೆ

ಕೋಲಾರ, ಮಾಲೂರು, ಮುಳಬಾಗಿಲಿನ ಕಡೆ ಜ್ವಾಲಾಮುಖಿ ಅಂದರೆ ಟಿವಿಯಲ್ಲಿ ನೋಡುವ ಸುದ್ದಿ. ಆದರೆ ಕೆಜಿಎಫ್ ಸೀಮೆಯ ಪೆದ್ದಪಲ್ಲಿಯ ಬಂಡೆಗೆ ಅದು ಹುಟ್ಟಿನ ಕಥೆ. ಇನ್ನೂರೈವತ್ತು ಕೋಟಿ ವರ್ಷಗಳಿಗೂ ಹಿಂದೆ ಉಗುಳಿದ ಬೂದಿ ಇಲ್ಲಿ ಗಟ್ಟಿಯಾಗಿದೆ. ಅದರೊಳಗೆ ಗ್ರಾನೈಟ್, ನೈಸ್ ಶಿಲೆಗಳ ತುಂಡುಗಳು ಚಿಕ್ಕಿಯೊಳಗಿನ ಕಡಲೆಬೀಜದಂತೆ ಸಿಕ್ಕಿಕೊಂಡಿವೆ. ಇದು ರಾಷ್ಟ್ರೀಯ ಭೂವೈಜ್ಞಾನಿಕ ಸ್ಮಾರಕ.

ಆ ಸ್ಫೋಟ ಚಿತ್ರಿಸಲು ಯಾರಿದ್ದರು? ನಮ್ಮ ಕಾಲದಲ್ಲಿ ಫ್ರಾನ್ಸಿನ ಕಾಟಿಯಾ, ಮೋರಿಸ್ ಕ್ರಾಫ್ಟ್ ದಂಪತಿ ಲಾವಾದ ಅಂಚಿನಲ್ಲೇ ನಿಂತು 16 ಎಂಎಂ ಕ್ಯಾಮೆರಾ ಓಡಿಸಿದರು. 1991ರ ಜೂನ್ 3ರಂದು ಜಪಾನಿನ ಉನ್ಜೆನ್ ಪರ್ವತದಲ್ಲಿ ತೀರಿಕೊಂಡರು. ಅದೇ ತಿಂಗಳು ಫಿಲಿಪ್ಪೀನ್ಸಿನ ಪಿನಟುಬೊ ಸಿಡಿಯಿತು. ಅದಕ್ಕೂ ಮೊದಲೇ ಈ ದಂಪತಿಯ ಚಿತ್ರ ತೋರಿಸಿ ಅಲ್ಲಿನವರಿಗೆ ಅಪಾಯ ಮನವರಿಕೆ ಮಾಡಿಕೊಡಲಾಗಿತ್ತು. ಎಷ್ಟೋ ಜೀವ ಉಳಿಯಿತು.

ಇಂಥ ರೀಲುಗಳನ್ನು ಕಾಪಾಡುವವರ ಕಸುಬಿಗೆ ನನ್ನದೊಂದು ಸಲಾಂ. ಅಸಿಟೇಟ್ ಫಿಲ್ಮಿಗೆ ಸೆಕೆ, ತೇವ ಎರಡೂ ವೈರಿ. ಕೆಡತೊಡಗಿದರೆ ವಿನೆಗರ್ ವಾಸನೆ ಹೊಡೆಯುತ್ತದೆ. ಡಬ್ಬಿ ತೆರೆದು ಮೂಸುವುದೇ ಮೊದಲ ತಪಾಸಣೆ. ಆಮೇಲೆ ಕೈಗವಸು ತೊಟ್ಟು ರೀಲನ್ನು ನಿಧಾನಕ್ಕೆ ಬಿಚ್ಚಿ, ಅಂಚಿನ ತೂತುಗಳನ್ನು ನೋಡಿ, ಹರಿದಲ್ಲಿ ಅಂಟಿಸಿ, ಧೂಳು ಒರೆಸಿ, ಒಂದೊಂದೇ ಫ್ರೇಮನ್ನು ಸ್ಕ್ಯಾನ್ ಮಾಡಬೇಕು. ಸ್ಕ್ಯಾನ್ ಆಯಿತೆಂದು ಮೂಲವನ್ನು ಎಸೆಯುವಂತಿಲ್ಲ. ಅದು ತಂಪಾದ ಒಣ ಕೋಣೆಗೆ ಮರಳಬೇಕು. ಹೆಸರು, ಚಪ್ಪಾಳೆ ಸಿಗದ ಈ ಕೆಲಸ ಕ್ಯಾಮೆರಾ ಹಿಡಿದವರ ಧೈರ್ಯಕ್ಕೇನೂ ಕಡಿಮೆಯದಲ್ಲ. ಆ ಶ್ರಮದಿಂದಲೇ 2022ರಲ್ಲಿ ಕ್ರಾಫ್ಟ್ ದಂಪತಿಯ ಕುರಿತ ‘ಫೈರ್ ಆಫ್ ಲವ್’ ಸಾಕ್ಷ್ಯಚಿತ್ರ ಸಾಧ್ಯವಾಯಿತು.

ಅದನ್ನೊಮ್ಮೆ ನೋಡಿ, ಆಮೇಲೆ ಪೆದ್ದಪಲ್ಲಿಗೆ ಹೋಗಿ. ಬಂಡೆಯ ಫೋಟೊ ತೆಗೆಯಿರಿ, ಚೂರು ಮಾತ್ರ ಕೀಳಬೇಡಿ.