ಅಟ್ಟದ ಮೇಲಿನ ಬೆಂಗಳೂರು

ಚಲನಚಿತ್ರವೆಂದೊಡನೆ ನಮಗೆ ನೆನಪಾಗುವುದು ತಾರೆಯರು, ಹಾಡು, ಗಾಂಧಿನಗರದ ಥಿಯೇಟರುಗಳು. ಮದುವೆ, ಪ್ರವಾಸಗಳಲ್ಲಿ ಹವ್ಯಾಸಕ್ಕಾಗಿ ತೆಗೆದ ಪುಟ್ಟ ಸುರುಳಿಗಳನ್ನು ಯಾರು ತಾನೇ ಲೆಕ್ಕಕ್ಕಿಡುತ್ತಾರೆ? ಬೆಂಗಳೂರಿನ ಕಲಾವಿದೆ ಆಯಿಷಾ ಅಬ್ರಹಾಂ ಇಟ್ಟರು. ಬರೋಡದಲ್ಲಿ ಚಿತ್ರಕಲೆ ಕಲಿತ ಇವರು, ಮನೆಮನೆಗಳಲ್ಲಿ ಉಳಿದಿದ್ದ ಇಂಥ ಸುರುಳಿಗಳನ್ನು ಅರಸಿ, ಅವುಗಳಿಂದಲೇ ಹೊಸ ಚಿತ್ರಗಳನ್ನು ಕಟ್ಟಿದ್ದಾರೆ.

‘ಸ್ಟ್ರೈಟ್ 8’ (2005) ಹುಟ್ಟಿದ್ದು ಟಾಮ್ ಡಿ’ಅಗಿಯಾರ್ ಎಂಬ ಆಂಗ್ಲೋ-ಇಂಡಿಯನ್ ಹವ್ಯಾಸಿಯ ಸುರುಳಿಗಳಿಂದ. 1932ರಲ್ಲಿ ಕೊಡಕ್ ಕಂಪನಿ ತಂದ 8 ಮಿಲಿಮೀಟರ್ ಫಿಲ್ಮಿನ ಒಂದು ಸುರುಳಿ ಓಡುತ್ತಿದ್ದುದು ಸುಮಾರು ನಾಲ್ಕು ನಿಮಿಷ ಮಾತ್ರ. ತೆಗೆಯುವವನು ಲೋಭಿಯ ಹಾಗೆ ಎಣಿಸಿ ತೆಗೆಯಬೇಕು. ಅವನಿಗೆ ಪ್ರಿಯವಾದದ್ದು ಏನೆಂಬುದು ಅಲ್ಲಿಯೇ ಬಯಲಾಗುತ್ತದೆ. ಇಂಥ ಫಿಲ್ಮು ಕಾಲಕ್ರಮದಲ್ಲಿ ವಿನೆಗರಿನ ಹುಳಿವಾಸನೆ ಬಿಟ್ಟು, ಸುಕ್ಕುಗಟ್ಟಿ, ಬಣ್ಣಗೆಡುತ್ತದೆ. ಅಬ್ರಹಾಂ ಆ ಕಲೆಗಳನ್ನು ಒರೆಸಿ ಮರೆಮಾಚುವವರಲ್ಲ. ನೆನಪು ಸವೆಯುವ ಬಗೆಯೇ ಅವರ ವಸ್ತು.

‘ಐ ಸಾ ಎ ಗಾಡ್ ಡಾನ್ಸ್’ (2011) ನರ್ತಕ ರಾಮ್ ಗೋಪಾಲರನ್ನು ಕುರಿತದ್ದು. ಬೆಂಗಳೂರಿನಲ್ಲಿ ಹುಟ್ಟಿ, 1939ರಲ್ಲಿ ಲಂಡನ್ನಿನ ರಸಿಕರನ್ನು ಬೆರಗುಗೊಳಿಸಿದ ಈತ 2003ರಲ್ಲಿ ಅದೇ ಊರಿನಲ್ಲಿ ತೀರಿಕೊಂಡರು. ಹುಟ್ಟಿದೂರು ಅವರನ್ನು ಮರೆತೇಬಿಟ್ಟಿತ್ತು. ಕುಣಿದು ಮುಗಿದೊಡನೆ ಇಲ್ಲವಾಗುವ ಕಲೆ ನೃತ್ಯ. ಅದನ್ನು ಚೂರುಗಳಲ್ಲಿಯೇ ಹಿಡಿಯಹೊರಟಿರುವುದು ಉಚಿತವಾಗಿದೆ.

ಆದರೂ ಒಂದೆರಡು ಮಾತು ಹೇಳಬೇಕು. ಚೂರುಗಳನ್ನು ಕಥೆಯಾಗಿ ಬೆಸೆದರೆ ಸುಳ್ಳಾದೀತೆಂಬ ಕಲಾವಿದೆಯ ಅಳುಕು ನ್ಯಾಯವಾದದ್ದೇ. ಆದರೆ ಯಾರು, ಯಾವಾಗ, ಎಲ್ಲಿ ಎಂದು ಕೇಳುವ ಸಾಮಾನ್ಯ ಪ್ರೇಕ್ಷಕನೂ ಅರಸಿಕನಲ್ಲ. ಅವನಿಗೆ ಇನ್ನಷ್ಟು ಆಸರೆ ಬೇಕು. ಮತ್ತೊಂದು: ಇದು ಕ್ಯಾಮರಾ ಕೊಳ್ಳಬಲ್ಲವರು ಕಂಡ ಬೆಂಗಳೂರು. ಅವರ ಬಟ್ಟೆ ಒಗೆದವರು, ಹಾಲು ತಂದವರು ಅಂಚಿನಲ್ಲಿ ಸುಳಿದರೆ ಸುಳಿದರು, ಇಲ್ಲವಾದರೆ ಇಲ್ಲ. ಇಂಥ ಸುರುಳಿಗಳನ್ನು ನೋಡುವಾಗ ಈ ಕೊರತೆಯನ್ನೂ ನೋಡಬೇಕು.

ಹಾಗೆಂದು ಈ ಕೆಲಸದ ಬೆಲೆ ಕುಂದದು. ಬಸವನಗುಡಿ, ಮಲ್ಲೇಶ್ವರ, ಚಾಮರಾಜಪೇಟೆಗಳ ಹಳೆಯ ಮನೆಗಳು ಒಂದೊಂದಾಗಿ ಉರುಳಿ ಅಪಾರ್ಟ್‌ಮೆಂಟುಗಳು ಏಳುತ್ತಿವೆ. ಅಟ್ಟದ ಸಾಮಾನು ಗುಜರಿಯವನ ಪಾಲಾಗುತ್ತಿದೆ. ವಾಚಕರು ಈ ಸಲ ಹಬ್ಬಕ್ಕೆ ಅಟ್ಟ ಗುಡಿಸುವಾಗ ಹುಳಿವಾಸನೆಯ ತಗಡಿನ ಡಬ್ಬಿಯೊಂದು ಸಿಕ್ಕರೆ, ಎಸೆಯುವ ಮುನ್ನ ಮುಚ್ಚಳ ತೆಗೆದು ನೋಡಲಿ. ಒಳಗೆ ಅವರ ಅಜ್ಜಿ ಇನ್ನೂ ನಡೆದಾಡುತ್ತಿರಬಹುದು.